ಸಾಕ್ಷಿಯ ನೆಲೆ: ಯೋರಿಸ್ ಈವೆನ್ಸ್‌ನ ಬದುಕು ಮತ್ತು ಸಾಕ್ಷ್ಯಚಿತ್ರಗಳು

1

ಇಂಗ್ಲಿಷಿನ ‘ಡಾಕ್ಯುಮೆಂಟರಿ’ ಎಂಬ ಮಾತು ದಾಖಲೆಯನ್ನು ಸೂಚಿಸುವ ಮೂಲದಿಂದ ಬಂದುದು. ಅದಕ್ಕೆ ಸಂವಾದಿಯಾಗಿ ಕನ್ನಡದಲ್ಲಿ ರೂಢಿಗೆ ಬಂದ ‘ಸಾಕ್ಷ್ಯಚಿತ್ರ’ ಎಂಬ ಪದದಲ್ಲಿ ಬೇರೊಂದು ಅರ್ಥವೂ ಸೇರಿಕೊಂಡಿದೆ. ದಾಖಲೆಯು ಕಚೇರಿಯ ಕಪಾಟಿನಲ್ಲಿ ತನ್ನಷ್ಟಕ್ಕೆ ಇರಬಲ್ಲುದು. ಸಾಕ್ಷ್ಯಕ್ಕೆ ಅದನ್ನು ನುಡಿಯುವವನೊಬ್ಬ ಬೇಕು. ಸಾಕ್ಷಿ ಎಂದರೆ ಕಣ್ಣಾರೆ ಕಂಡವನು. ಆದ್ದರಿಂದ ಆತ ಎಲ್ಲಿ ನಿಂತು ಕಂಡ, ಅಲ್ಲಿಗೆ ಆತನನ್ನು ಕರೆದೊಯ್ದವರು ಯಾರು, ಕಂಡದ್ದರಲ್ಲಿ ಯಾವುದನ್ನು ಹೇಳಿದ, ಯಾವುದನ್ನು ಹೇಳದೆ ಬಿಟ್ಟ ಎಂಬ ಪ್ರಶ್ನೆಗಳು ಸಾಕ್ಷ್ಯದ ಜೊತೆಗೇ ಹುಟ್ಟಿಕೊಳ್ಳುತ್ತವೆ.

ಇಪ್ಪತ್ತನೆಯ ಶತಮಾನದ ಸಾಕ್ಷ್ಯಚಿತ್ರಕಾರರಲ್ಲಿ ಈ ಪ್ರಶ್ನೆಗಳನ್ನು ಅತ್ಯಂತ ತೀವ್ರವಾಗಿ ಎತ್ತುವ ಬದುಕು ನೆದರ್ಲೆಂಡ್ಸ್‌ನ ಯೋರಿಸ್ ಈವೆನ್ಸ್‌ನದು. 1928ರಿಂದ 1988ರವರೆಗಿನ ಅರವತ್ತು ವರ್ಷಗಳಲ್ಲಿ ಆತ ಬೆಲ್ಜಿಯಮ್ಮಿನ ಗಣಿಗಳಿಂದ ವಿಯೆಟ್ನಾಮಿನ ಸುರಂಗಗಳವರೆಗೆ ಚರಿತ್ರೆ ಹೊರಳುತ್ತಿದ್ದ ಜಾಗಗಳಿಗೆ ಕ್ಯಾಮೆರಾ ಹೊತ್ತು ಹೋದ. ತಾನು ತಟಸ್ಥನೆಂದು ಆತ ಎಂದೂ ಹೇಳಿಕೊಳ್ಳಲಿಲ್ಲ. ದುಡಿಯುವವರ ಪಕ್ಷವೇ ತನ್ನ ಪಕ್ಷವೆಂದು ಬಹಿರಂಗವಾಗಿ ಸಾರಿಕೊಂಡಿದ್ದ. ಹೀಗಾಗಿ ಆತ ಪಕ್ಷಪಾತಿಯೇ ಎಂದು ಕೇಳುವುದರಿಂದ ಹೆಚ್ಚಿನದೇನೂ ದೊರೆಯುವುದಿಲ್ಲ. ಪ್ರಭುತ್ವದ ಎದುರು ನಿಂತಾಗ ಆತನ ಕ್ಯಾಮೆರಾ ಕಂಡದ್ದೇನು, ಪ್ರಭುತ್ವದ ಅತಿಥಿಯಾಗಿ ನಿಂತಾಗ ಅದೇ ಕ್ಯಾಮೆರಾ ಕಾಣದೆ ಹೋದದ್ದೇನು ಎಂಬುದು ಹೆಚ್ಚು ಉಪಯುಕ್ತವಾದ ಪ್ರಶ್ನೆ. ಆತನ ಬದುಕನ್ನು ಈ ಎರಡು ನೆಲೆಗಳ ನಡುವಿನ ಓಡಾಟವಾಗಿ ಗ್ರಹಿಸಲು ಸಾಧ್ಯವಿದೆ.

2

ಈವೆನ್ಸ್ ಹುಟ್ಟಿದ್ದು 1898ರ ನವೆಂಬರ್ 18ರಂದು, ವಾಲ್ ನದಿಯ ದಡದಲ್ಲಿರುವ ನೈಮೇಖನ್ ಎಂಬ ಊರಿನಲ್ಲಿ. ಕುಟುಂಬದ ಕಸುಬೇ ಛಾಯಾಗ್ರಹಣ. ಅಜ್ಜ ಛಾಯಾಗ್ರಾಹಕನಾಗಿದ್ದ, ತಂದೆ ಛಾಯಾಗ್ರಹಣ ಸಾಮಗ್ರಿಗಳ ವ್ಯಾಪಾರವನ್ನು ಬೆಳೆಸಿದ್ದ. ಅಂಗಡಿಯಲ್ಲಿದ್ದ ಕ್ಯಾಮೆರಾ ಬಳಸಿ ಹದಿಮೂರನೆಯ ವಯಸ್ಸಿನಲ್ಲಿಯೇ ಹುಡುಗ ಒಂದು ಕಿರುಚಿತ್ರ ತೆಗೆದ. ಅಮೆರಿಕದ ಮೂಲನಿವಾಸಿಗಳ ಕಥೆಯ ಆ ಆಟದಲ್ಲಿ ಮನೆಮಂದಿಯೇ ಪಾತ್ರಧಾರಿಗಳು. ಮುಂದೆ ವ್ಯಾಪಾರ ನೋಡಿಕೊಳ್ಳಲೆಂದು ಮಗನನ್ನು ರಾಟರ್‌ಡ್ಯಾಮ್‌ನಲ್ಲಿ ಅರ್ಥಶಾಸ್ತ್ರಕ್ಕೂ ಬರ್ಲಿನ್‌ನಲ್ಲಿ ಛಾಯಾಗ್ರಹಣದ ರಸಾಯನಶಾಸ್ತ್ರಕ್ಕೂ ಸೇರಿಸಲಾಯಿತು. ಜರ್ಮನಿಯ ಕ್ಯಾಮೆರಾ ಮತ್ತು ಮಸೂರ ಕಾರ್ಖಾನೆಗಳಲ್ಲಿ ದುಡಿದ ಅನುಭವವೂ ಸೇರಿತು. ಕಲಾವಿದನಾಗುವ ಮೊದಲೇ ಈವೆನ್ಸ್ ತಂತ್ರಜ್ಞನಾಗಿದ್ದನೆಂಬುದು ಮುಖ್ಯ. ಯಂತ್ರ, ಕೈಕೆಲಸ, ಶ್ರಮದ ಲಯ ಇವುಗಳ ಬಗೆಗಿನ ಆತನ ಆಸಕ್ತಿಯ ಬೇರು ಇಲ್ಲಿದೆ. 1920ರ ದಶಕದ ಬರ್ಲಿನ್‌ನ ಎಡಪಂಥೀಯ ಕಲಾವಿದರ ಒಡನಾಟವೂ ಆಗಲೇ ದೊರೆಯಿತು.

ಆಮ್‌ಸ್ಟರ್‌ಡ್ಯಾಮ್‌ಗೆ ಮರಳಿ ಅಂಗಡಿಯ ಶಾಖೆಯನ್ನು ನಡೆಸುತ್ತಿದ್ದಾಗ, 1927ರಲ್ಲಿ ಪುದೋವ್ಕಿನ್‌ನ ‘ತಾಯಿ’ ಚಿತ್ರದ ಪ್ರದರ್ಶನಕ್ಕೆ ಅಡ್ಡಿಯಾಯಿತು. ಇದಕ್ಕೆ ಪ್ರತಿಯಾಗಿ ಹುಟ್ಟಿಕೊಂಡ ‘ಫಿಲ್ಮ್‌ಲಿಗಾ’ ಎಂಬ ಚಿತ್ರಸಮಾಜದ ಸ್ಥಾಪಕರಲ್ಲಿ ಈವೆನ್ಸ್‌ನೂ ಒಬ್ಬ. ಮರುವರ್ಷ ಬಂದ ‘ಸೇತುವೆ’ ಆತನಿಗೆ ಹೆಸರು ತಂದಿತು. ರಾಟರ್‌ಡ್ಯಾಮ್‌ನಲ್ಲಿ ಹಡಗುಗಳಿಗೆ ದಾರಿಬಿಡಲು ಮೇಲೇಳುವ ರೈಲುಸೇತುವೆಯೊಂದೇ ಅದರ ವಸ್ತು. 1929ರಲ್ಲಿ ಮಾನ್ನುಸ್ ಫ್ರಾಂಕನ್ ಜೊತೆಗೂಡಿ ಮಾಡಿದ ‘ಮಳೆ’ಯಲ್ಲಿ ಆಮ್‌ಸ್ಟರ್‌ಡ್ಯಾಮ್‌ನ ಒಂದು ಮಳೆ ಬಂದು ಹೋಗುವುದಷ್ಟೇ ಇದೆ. ತೆರೆಯ ಮೇಲೆ ಒಂದೇ ಮಳೆಯಾಗಿ ಕಾಣುವ ಅದು ನಿಜದಲ್ಲಿ ಹಲವು ತಿಂಗಳುಗಳ ಮಳೆಗಳನ್ನು ಹೊಲಿದು ಮಾಡಿದ ಮಳೆ. ಕಂಡದ್ದನ್ನು ಕಂಡಹಾಗೆ ಕೊಡುವ ಚಿತ್ರವೂ ಸಂಕಲನದ ಮೇಜಿನ ಮೇಲೆಯೇ ಹುಟ್ಟುತ್ತದೆ ಎಂಬ ಪಾಠ ಆತನಿಗೆ ಇಲ್ಲಿಯೇ ಸಿಕ್ಕಿತು.

ಈ ಪಾಠ ಬೇಗನೆ ರಾಜಕೀಯ ಸ್ವರೂಪ ಪಡೆಯಿತು. ಕಾರ್ಮಿಕರ ಚಿತ್ರಪ್ರದರ್ಶನಗಳಿಗಾಗಿ ಈವೆನ್ಸ್ ಮತ್ತು ಗೆಳೆಯರು ವಾರಾಂತ್ಯದಲ್ಲಿ ವಾಣಿಜ್ಯ ವಾರ್ತಾಚಿತ್ರಗಳನ್ನು ಎರವಲು ತಂದು, ಅವುಗಳ ತುಣುಕುಗಳನ್ನು ಬೇರೆ ಕ್ರಮದಲ್ಲಿ ಜೋಡಿಸಿ ತೋರಿಸುತ್ತಿದ್ದರು. ಪ್ರದರ್ಶನ ಮುಗಿದ ಮೇಲೆ ಮತ್ತೆ ಮೊದಲಿದ್ದಂತೆಯೇ ಅಂಟಿಸಿ ಹಿಂತಿರುಗಿಸುತ್ತಿದ್ದರು. ಒಂದು ಹೊಸ ಚಿತ್ರಿಕೆಯನ್ನೂ ಸೇರಿಸದೆ, ಪ್ರಭುತ್ವದ ಸುದ್ದಿಯನ್ನು ಪ್ರಭುತ್ವದ ವಿಮರ್ಶೆಯಾಗಿ ಓದಿಸುವ ಉಪಾಯವಾಗಿತ್ತು ಅದು.

3

1930ರಲ್ಲಿ ಪುದೋವ್ಕಿನ್‌ನ ಆಹ್ವಾನದ ಮೇರೆಗೆ ಈವೆನ್ಸ್ ಸೋವಿಯತ್ ಒಕ್ಕೂಟಕ್ಕೆ ಹೋದ. 1932ರಲ್ಲಿ ಮತ್ತೆ ಹೋಗಿ, ಉರಾಲ್ ಪ್ರಾಂತದ ಮ್ಯಾಗ್ನಿಟೊಗೊರ್ಸ್ಕ್‌ನಲ್ಲಿ ಏಳುತ್ತಿದ್ದ ಬೃಹತ್ ಉಕ್ಕಿನ ಕಾರ್ಖಾನೆಯ ಕುರಿತು ‘ಕೊಮ್ಸೊಮೊಲ್’ ಚಿತ್ರವನ್ನು ಮಾಡಿದ. ಊದುಕುಲುಮೆ ಕಟ್ಟುವ ಯುವಜನರ ಉತ್ಸಾಹ ಅದರ ತಿರುಳು. ಹಾನ್ಸ್ ಐಸ್ಲರ್‌ನ ಸಂಗೀತ ಅದಕ್ಕೆ ಕಸುವು ತುಂಬಿತು. ಆದರೆ ಆ ನಗರವನ್ನು ಕಟ್ಟಿದವರಲ್ಲಿ, ಸ್ಟಾಲಿನ್‌ನ ಸಾಮೂಹಿಕ ಕೃಷಿಯ ಕಾಲದಲ್ಲಿ ಹೊಲಮನೆ ಕಳೆದುಕೊಂಡು ಬಲವಂತವಾಗಿ ಅಲ್ಲಿಗೆ ಸಾಗಿಸಲ್ಪಟ್ಟ ರೈತರೂ ಸಾವಿರಾರು ಸಂಖ್ಯೆಯಲ್ಲಿದ್ದರು. ಚಿತ್ರದಲ್ಲಿ ಅವರ ಕಥೆಗೆ ಜಾಗವಿಲ್ಲ. ಈವೆನ್ಸ್‌ನ ವೃತ್ತಿಯುದ್ದಕ್ಕೂ ಮರಳಿ ಮರಳಿ ಬರುವ ಕುರುಡುತಾಣದ ಮೊದಲ ನಿದರ್ಶನವಿದು.

ಇದೇ ಅವಧಿಯಲ್ಲಿ ಸ್ವದೇಶದಲ್ಲಿ ಆತ ಮಾಡಿದ ಕೆಲಸದ ಗುಣವೇ ಬೇರೆ. ಡಚ್ ಪ್ರಭುತ್ವವು ಜೂಡರ್‌ಜೀ ಎಂಬ ಒಳಗಡಲಿಗೆ ಒಡ್ಡು ಕಟ್ಟಿ, ನೀರು ಬತ್ತಿಸಿ, ಉಳುವ ನೆಲವನ್ನು ಹೊರತೆಗೆಯುತ್ತಿತ್ತು. 1932ರ ಮೇ ತಿಂಗಳಲ್ಲಿ ಮುಖ್ಯ ಒಡ್ಡು ಕೂಡಿಕೊಂಡಿತು. ಕಟ್ಟಡ ಕಾರ್ಮಿಕರ ಸಂಘಕ್ಕಾಗಿ 1930ರಲ್ಲಿ ಮಾಡಿದ ಚಿತ್ರದಲ್ಲಿ ಈವೆನ್ಸ್ ಈ ಕಾಮಗಾರಿಯನ್ನು ಶ್ರಮದ ಹೆಮ್ಮೆಯಾಗಿ ತೋರಿಸಿದ್ದ. ಅಷ್ಟರಲ್ಲಿ ಜಾಗತಿಕ ಆರ್ಥಿಕ ಕುಸಿತ ಬಂತು. ಧಾನ್ಯದ ಬೆಲೆ ಉಳಿಸಲು ಗೋಧಿಯನ್ನು ಸುಡುವ, ಕಡಲಿಗೆ ಸುರಿಯುವ ಸುದ್ದಿಗಳು ಬಂದವು. 1933ರ ‘ಹೊಸ ನೆಲ’ದಲ್ಲಿ ಅದೇ ಕಾಮಗಾರಿಯ ಚಿತ್ರಿಕೆಗಳನ್ನು ಮರುಜೋಡಿಸಿ, ಕೊನೆಯಲ್ಲಿ ಧಾನ್ಯನಾಶದ ಮತ್ತು ಹಸಿದವರ ಚಿತ್ರಿಕೆಗಳನ್ನು ಸೇರಿಸಲಾಯಿತು. ಕಡಲಿನಿಂದ ಕಿತ್ತ ನೆಲದಲ್ಲಿ ಬೆಳೆದ ಕಾಳು ಮತ್ತೆ ಕಡಲಿಗೇ ಹೋಗುವ ವ್ಯವಸ್ಥೆಯ ವ್ಯಂಗ್ಯ ಹೀಗೆ ಮೂಡಿತು. ಮೊದಲ ಚಿತ್ರದಲ್ಲಿ ಹೆಮ್ಮೆಯಾಗಿದ್ದ ದೃಶ್ಯವೇ ಎರಡನೆಯದರಲ್ಲಿ ಆಪಾದನೆಯಾಯಿತು. ಈ ಸಂಕಲನದಲ್ಲಿ ಹೆಲೆನ್ ವಾನ್ ಡಾಂಗೆನ್‌ಳ ಪಾತ್ರ ದೊಡ್ಡದು. ಮುಂದಿನ ಒಂದು ದಶಕದಲ್ಲಿ ಈವೆನ್ಸ್‌ನ ಶೈಲಿ ಎಂದು ಗುರುತಾದುದರಲ್ಲಿ ಬಹುಭಾಗ ಆಕೆಯ ಕತ್ತರಿಯಿಂದ ರೂಪುಗೊಂಡದ್ದು.

1933ರಲ್ಲಿಯೇ ಬೆಲ್ಜಿಯಮ್ಮಿನ ಹೆನ್ರಿ ಸ್ಟಾರ್ಕ್ ಈವೆನ್ಸ್‌ನನ್ನು ಬೊರಿನಾಜ್ ಎಂಬ ಕಲ್ಲಿದ್ದಲು ಪ್ರದೇಶಕ್ಕೆ ಕರೆದ. 1932ರ ದೊಡ್ಡ ಮುಷ್ಕರ ಸೋತ ನಂತರ ಅಲ್ಲಿನ ಗಣಿಕಾರ್ಮಿಕರು ಕೆಲಸ ಕಳೆದುಕೊಂಡು, ಕಂಪನಿಯ ಮನೆಗಳಿಂದ ಹೊರದೂಡಲ್ಪಡುತ್ತಿದ್ದರು. ಪೋಲಿಸರ ಕಣ್ಣು ತಪ್ಪಿಸಿ, ಕಾರ್ಮಿಕರ ಮನೆಗಳಲ್ಲಿಯೇ ತಂಗಿ ಚಿತ್ರೀಕರಣ ನಡೆಯಿತು. ಕಲ್ಲಿದ್ದಲ ರಾಶಿಯ ನಡುವೆ ಬದುಕುವ ಹೆಂಗಸರು ಮಕ್ಕಳು ಒಲೆ ಉರಿಸಲು ಗಣಿತ್ಯಾಜ್ಯದ ದಿಬ್ಬದಲ್ಲಿ ಇದ್ದಲ ಚೂರು ಆಯುವ ದೃಶ್ಯ ಇಂದಿಗೂ ಕಾಡುವಂಥದು. ‘ಮಳೆ’ಯಂತಹ ಸೊಗಸಾದ ಚಿತ್ರ ತೆಗೆದಿದ್ದ ಕಲಾವಿದ ಇಲ್ಲಿ ಸೊಗಸನ್ನೇ ಅನುಮಾನಿಸಿದ. ಕೊಳಕು ಗೋಡೆಯ ಮೇಲಿನ ನೆರಳು ಬೆಳಕಿನ ಆಟ ನೋಡುಗನಿಗೆ ಹಿತವಾಗಿ ಕಂಡರೆ ಬಡತನವೂ ಹಿತವಾಗಿಬಿಡುತ್ತದೆಂಬ ಭಯದಿಂದ ಉದ್ದೇಶಪೂರ್ವಕವಾಗಿ ಒರಟು ಚೌಕಟ್ಟುಗಳನ್ನು ಆರಿಸಿಕೊಂಡ. ಸೌಂದರ್ಯಮೀಮಾಂಸೆಯ ದೃಷ್ಟಿಯಿಂದ ಇದು ಗಂಭೀರವಾದ ನಿಲುವು.

ಆಗಲೇ ನಡೆದುಹೋಗಿದ್ದ ಕೆಲವು ಘಟನೆಗಳನ್ನು ಕಾರ್ಮಿಕರು ತಾವೇ ಕ್ಯಾಮೆರಾದ ಮುಂದೆ ಮತ್ತೊಮ್ಮೆ ನಡೆಸಿ ತೋರಿಸಿದರು. ಜಪ್ತಿಗೆ ಬಂದವರು ಸಾಮಾನು ಹೊರಹಾಕದಂತೆ ನೆರೆಹೊರೆಯವರೆಲ್ಲ ಬಂದು ಕುರ್ಚಿ ಮಂಚಗಳ ಮೇಲೆ ಕುಳಿತುಬಿಡುವ ಪ್ರಸಂಗ ಅವುಗಳಲ್ಲೊಂದು. ಮಾರ್ಕ್ಸ್‌ನ ಚಿತ್ರಪಟ ಹಿಡಿದ ಮೆರವಣಿಗೆಯನ್ನು ಹೀಗೆಯೇ ಮರುನಡೆಸಿದಾಗ, ಬದಿಯಲ್ಲಿ ನಿಂತವರೂ ಮುಷ್ಟಿ ಎತ್ತಿ ಸೇರಿಕೊಂಡರು. ಚಿತ್ರೀಕರಣಕ್ಕೆಂದು ಹೊರಟ ಮೆರವಣಿಗೆ ನಿಜವಾದ ಪ್ರತಿಭಟನೆಯಾಗಿ ಮಾರ್ಪಟ್ಟಿತು, ಪೋಲಿಸರೂ ಬಂದರು. ಮರುನಟನೆಯು ಸಾಕ್ಷ್ಯವನ್ನು ಕೆಡಿಸುತ್ತದೆಂಬುದು ಸಾಮಾನ್ಯ ಆಕ್ಷೇಪ. ಅನುಭವಿಸಿದವರೇ ತಮ್ಮ ಅನುಭವವನ್ನು ಮರುನಡೆಸಿದಾಗ ಅದು ನಟನೆಯೋ ಹೇಳಿಕೆಯೋ ಎಂಬ ಪ್ರಶ್ನೆಯನ್ನು ‘ಬೊರಿನಾಜ್’ ಎತ್ತುತ್ತದೆ. ಬೆಲ್ಜಿಯಮ್ ಮತ್ತು ನೆದರ್ಲೆಂಡ್ಸ್‌ಗಳಲ್ಲಿ ಈ ಚಿತ್ರದ ಸಾರ್ವಜನಿಕ ಪ್ರದರ್ಶನಕ್ಕೆ ಅನುಮತಿ ಸಿಗಲಿಲ್ಲ.

4

1936ರಲ್ಲಿ ಈವೆನ್ಸ್ ಅಮೆರಿಕಕ್ಕೆ ಹೋದ. ಅದೇ ವರ್ಷ ಸ್ಪೇನಿನಲ್ಲಿ ಚುನಾಯಿತ ಗಣರಾಜ್ಯದ ವಿರುದ್ಧ ಫ್ರಾಂಕೋ ನಾಯಕತ್ವದ ಸೇನಾ ದಂಗೆ ಆರಂಭವಾಯಿತು. ಅರ್ನೆಸ್ಟ್ ಹೆಮಿಂಗ್ವೇ, ಜಾನ್ ಡಾಸ್ ಪ್ಯಾಸೋಸ್, ಲಿಲಿಯನ್ ಹೆಲ್ಮನ್, ಆರ್ಚಿಬಾಲ್ಡ್ ಮೆಕ್ಲೀಶ್ ಮೊದಲಾದ ಲೇಖಕರು ಕೂಡಿ ಹಣ ಒದಗಿಸಿದರು. 1937ರ ಆರಂಭದಲ್ಲಿ ಈವೆನ್ಸ್ ಛಾಯಾಗ್ರಾಹಕ ಜಾನ್ ಫರ್ನೋ ಜೊತೆ ಸ್ಪೇನಿಗೆ ಹೋದ. ಹೀಗೆ ಸಿದ್ಧವಾದದ್ದು ‘ಸ್ಪೇನಿನ ನೆಲ’.

ಯುದ್ಧದ ಚಿತ್ರವಾಗಿಯೂ ಇದು ಆರಂಭವಾಗುವುದು ಒಂದು ಹಳ್ಳಿಯಲ್ಲಿ. ಮ್ಯಾಡ್ರಿಡ್–ವೆಲೆನ್ಸಿಯಾ ರಸ್ತೆಯ ಫುಯೆಂತಿದುಯೇನ್ಯಾದ ರೈತರು ಬೀಳುಬಿದ್ದ ನೆಲಕ್ಕೆ ಕಾಲುವೆ ತೋಡಿ ನೀರು ತರುತ್ತಾರೆ. ಆ ನೀರಿನಿಂದ ಬೆಳೆದದ್ದು ಮುತ್ತಿಗೆಗೊಳಗಾದ ಮ್ಯಾಡ್ರಿಡ್‌ನ ಜನರಿಗೆ ಅನ್ನವಾಗಬೇಕು. ಅದಕ್ಕೆ ರಸ್ತೆ ಉಳಿಯಬೇಕು. ರಸ್ತೆ ಉಳಿಯಲು ಸೈನಿಕರು ಹೋರಾಡಬೇಕು. ಕಾಲುವೆ ಮತ್ತು ಕಂದಕ ಎರಡನ್ನೂ ಒಂದೇ ಹೋರಾಟದ ಭಾಗಗಳಾಗಿ ಕಾಣುವ ಈ ವಿನ್ಯಾಸದಿಂದಾಗಿ ಯುದ್ಧದ ಕಾರಣ ಜಮೀನಿನ ಪ್ರಶ್ನೆಯಲ್ಲಿದೆ ಎಂಬುದು ಸ್ಪಷ್ಟವಾಗುತ್ತದೆ. ನಿರೂಪಣೆಯನ್ನು ಮೊದಲು ಆರ್ಸನ್ ವೆಲ್ಸ್ ಓದಿದ್ದ. ಆತನ ಕಂಠ ತೀರಾ ನಯವಾಯಿತೆನಿಸಿ ಕೊನೆಗೆ ಹೆಮಿಂಗ್ವೇಯೇ ತನ್ನ ಬರಹವನ್ನು ಓದಿದ. 1937ರ ಜುಲೈನಲ್ಲಿ ಅಧ್ಯಕ್ಷ ರೂಸ್ವೆಲ್ಟ್ ಶ್ವೇತಭವನದಲ್ಲಿ ಚಿತ್ರವನ್ನು ನೋಡಿದ. ಪ್ರದರ್ಶನಗಳಿಂದ ಬಂದ ಹಣ ಆಂಬುಲೆನ್ಸ್‌ಗಳಿಗೆ ಹೋಯಿತು. ಅಮೆರಿಕದ ತಟಸ್ಥ ನೀತಿ ಮಾತ್ರ ಬದಲಾಗಲಿಲ್ಲ.

ಈ ಚಿತ್ರದ ಅಂಚಿನಲ್ಲಿ ಒಂದು ಸಾವೂ ಇದೆ. ಡಾಸ್ ಪ್ಯಾಸೋಸ್‌ನ ಗೆಳೆಯನೂ ಅನುವಾದಕನೂ ಆಗಿದ್ದ ಹೋಸೆ ರೋಬ್ಲೆಸ್ ಗಣರಾಜ್ಯದ ಪರವಾಗಿ ದುಡಿಯುತ್ತಿದ್ದವನು. ಆತನನ್ನು ಗಣರಾಜ್ಯದ ಪಾಳೆಯದವರೇ ಬಂಧಿಸಿ ಗುಟ್ಟಾಗಿ ಕೊಂದರು. ಡಾಸ್ ಪ್ಯಾಸೋಸ್ ಆತನಿಗಾಗಿ ಹುಡುಕಾಡಿದ. ಹೆಮಿಂಗ್ವೇ ಜೊತೆಗಿನ ಆತನ ಸ್ನೇಹ ಈ ಕಾರಣದಿಂದಲೇ ಮುರಿಯಿತು. ಶತ್ರು ಬಾಗಿಲಲ್ಲಿರುವಾಗ ಇಂತಹ ಪ್ರಶ್ನೆ ಎತ್ತುವುದು ಹೋರಾಟವನ್ನು ದುರ್ಬಲಗೊಳಿಸುತ್ತದೆ ಎಂಬುದೇ ಚಿತ್ರ ತಂಡದ ಒಟ್ಟಾರೆ ನಿಲುವಾಗಿತ್ತು. ಫ್ಯಾಸಿಸಂ ವಿರುದ್ಧದ ಆ ತುರ್ತು ನಿಜವಾದದ್ದೇ. ಆದರೆ ತುರ್ತಿನ ಹೆಸರಿನಲ್ಲಿ ಮುಂದೂಡಿದ ಪ್ರಶ್ನೆ ಈವೆನ್ಸ್‌ನ ಚಿತ್ರಗಳಲ್ಲಿ ಬಹುಕಾಲದವರೆಗೆ ಮರಳಿ ಬರಲಿಲ್ಲ.

1938ರಲ್ಲಿ ಜಪಾನಿನ ಆಕ್ರಮಣಕ್ಕೆ ಒಳಗಾಗಿದ್ದ ಚೀನಾಕ್ಕೆ ಫರ್ನೋ ಮತ್ತು ರಾಬರ್ಟ್ ಕಾಪಾ ಜೊತೆ ಹೋದಾಗ ಆದದ್ದು ಇನ್ನೊಂದು ಬಗೆಯ ಅನುಭವ. ಕುಮಿಂಟಾಂಗ್ ಸರ್ಕಾರದ ಕಾವಲುಗಾರರು ಹೆಜ್ಜೆಹೆಜ್ಜೆಗೂ ನಿರ್ಬಂಧ ಹೇರಿದರು. ಕಮ್ಯುನಿಸ್ಟರ ನೆಲೆಯಾದ ಯೆನಾನ್‌ಗೆ ಹೋಗಗೊಡಲಿಲ್ಲ. 1939ರಲ್ಲಿ ‘ನಲವತ್ತು ಕೋಟಿ’ ಸಿದ್ಧವಾಯಿತಾದರೂ ಈವೆನ್ಸ್ ಹೋಗಬಯಸಿದ ಜಾಗ ಅದರಲ್ಲಿರಲಿಲ್ಲ. ಹೊರಡುವ ಮುನ್ನ ತನ್ನ ಕೈಕ್ಯಾಮೆರಾವನ್ನು ಆತ ಗುಟ್ಟಾಗಿ ಯೆನಾನ್‌ನ ಚಿತ್ರತಂಡಕ್ಕೆ ತಲುಪಿಸಿದ. ತಾನು ಕಾಣಲಾಗದ್ದನ್ನು ಅಲ್ಲಿಯವರೇ ಕಾಣಲೆಂಬ ಈ ಕೊಡುಗೆ ಚೀನಾದ ಸಿನಿಮಾ ಚರಿತ್ರೆಯ ಭಾಗವಾಯಿತು. ಚೀನಾದೊಡನೆ ಆತನ ಐವತ್ತು ವರ್ಷಗಳ ನಂಟೂ ಅಲ್ಲಿಂದಲೇ ಬೆಳೆಯಿತು.

5

ಈವೆನ್ಸ್‌ನ ಬದುಕಿನ ನಿರ್ಣಾಯಕ ಘಟ್ಟ ಒದಗಿದ್ದು ಆಸ್ಟ್ರೇಲಿಯಾದಲ್ಲಿ. ಅಮೆರಿಕದಲ್ಲಿ ಗ್ರಾಮೀಣ ವಿದ್ಯುದೀಕರಣದ ಕುರಿತು ಸರ್ಕಾರಕ್ಕಾಗಿ ‘ಶಕ್ತಿ ಮತ್ತು ನೆಲ’ವನ್ನು ಮಾಡಿದ್ದ ಆತನನ್ನು 1944ರಲ್ಲಿ ಡಚ್ ಈಸ್ಟ್ ಇಂಡೀಸ್‌ನ ವಸಾಹತು ಸರ್ಕಾರ ಚಲನಚಿತ್ರ ಆಯುಕ್ತನನ್ನಾಗಿ ನೇಮಿಸಿತು. ಜಪಾನಿನ ಹಿಡಿತದಿಂದ ಆ ದ್ವೀಪಗಳು ಬಿಡುಗಡೆಯಾಗುವುದನ್ನು ದಾಖಲಿಸುವುದು ಆತನ ಹೊಣೆ. ಆದರೆ ಜಪಾನ್ ಶರಣಾದ ಬೆನ್ನಿಗೇ, 1945ರ ಆಗಸ್ಟ್ 17ರಂದು, ಇಂಡೋನೇಷ್ಯಾ ತನ್ನ ಸ್ವಾತಂತ್ರ್ಯವನ್ನು ತಾನೇ ಘೋಷಿಸಿಕೊಂಡಿತು. ಬಿಡುಗಡೆ ಎಂಬ ಒಂದೇ ಪದಕ್ಕೆ ಎರಡು ಅರ್ಥ ಬಂದವು: ಡಚ್ಚರಿಗೆ ಅದು ವಸಾಹತಿನ ಮರುಸ್ವಾಧೀನ, ಇಂಡೋನೇಷ್ಯನ್ನರಿಗೆ ಡಚ್ಚರಿಂದಲೂ ಬಿಡುಗಡೆ. 1945ರ ನವೆಂಬರ್‌ನಲ್ಲಿ ಈವೆನ್ಸ್ ರಾಜೀನಾಮೆ ನೀಡಿ, ಅದರ ಕಾರಣವನ್ನು ಪತ್ರಕರ್ತರ ಮುಂದೆ ಬಹಿರಂಗವಾಗಿ ಸಾರಿದ.

ಆಗ ಆಸ್ಟ್ರೇಲಿಯಾದ ಬಂದರುಗಳಲ್ಲಿ ಶಸ್ತ್ರಾಸ್ತ್ರ ಹೊತ್ತು ಜಾವಾಕ್ಕೆ ಹೊರಟ ಡಚ್ ಹಡಗುಗಳಿಗೆ ಬಹಿಷ್ಕಾರ ನಡೆದಿತ್ತು. ಮೊದಲು ಇಂಡೋನೇಷ್ಯನ್ ನಾವಿಕರು ಹಡಗುಗಳಿಂದ ಇಳಿದರು. ಆಸ್ಟ್ರೇಲಿಯಾದ ಬಂದರು ಕಾರ್ಮಿಕರ ಸಂಘಗಳು, ಚೀನೀ ಮತ್ತು ಭಾರತೀಯ ನಾವಿಕರು ಜೊತೆಗೂಡಿದರು. ಈವೆನ್ಸ್ ಇದನ್ನೇ ವಸ್ತುವಾಗಿಸಿಕೊಂಡ. ಬಂದರು ಕಾರ್ಮಿಕರ ನೆರವಿನಿಂದ, ಬಹಳ ಕಡಿಮೆ ಹಣದಲ್ಲಿ, ಮರಿಯನ್ ಮಿಶೆಲ್‌ಳ ಛಾಯಾಗ್ರಹಣದಲ್ಲಿ 22 ನಿಮಿಷಗಳ ‘ಇಂಡೋನೇಷ್ಯಾ ಕರೆಯುತ್ತಿದೆ’ 1946ರಲ್ಲಿ ಸಿದ್ಧವಾಯಿತು. ನಿರೂಪಣೆ ನಟ ಪೀಟರ್ ಫಿಂಚ್‌ನದು.

ಭಾರತೀಯ ಓದುಗರಿಗೆ ಈ ಚಿತ್ರ ಎರಡು ಕಾರಣಗಳಿಗೆ ಮಹತ್ವದ್ದು. ಭಾರತೀಯ ನಾವಿಕರಿದ್ದ ‘ಪತ್ರಾಸ್’ ಎಂಬ ಹಡಗು ಸಿಡ್ನಿ ಬಂದರನ್ನು ಬಿಟ್ಟು ಹೊರಟಾಗ, ಪುಟ್ಟ ದೋಣಿಯೊಂದರಲ್ಲಿ ಬೆನ್ನಟ್ಟಿದ ಹೋರಾಟಗಾರರು ಕೂಗಿ ಕರೆದು ಇಂಡೋನೇಷ್ಯಾದ ಪರಿಸ್ಥಿತಿಯನ್ನು ವಿವರಿಸಿದರು. ನಾವಿಕರು ಕೆಲಸ ನಿಲ್ಲಿಸಿದರು, ಹಡಗು ಮರಳಬೇಕಾಯಿತು. ಕ್ಯಾಮೆರಾ ಇಲ್ಲದಾಗ ನಡೆದ ಈ ಘಟನೆಯನ್ನು ಚಿತ್ರಕ್ಕಾಗಿ ಮರುನಡೆಸಲಾಯಿತು. ‘ಬೊರಿನಾಜ್’ನ ವಿಧಾನವೇ ಇಲ್ಲಿ ವಸಾಹತುವಿರೋಧಿ ಹೋರಾಟದ ದಾಖಲೆಗೆ ಒದಗಿತು. ಎರಡನೆಯ ಕಾರಣ, ಅದೇ ಕಾಲಕ್ಕೆ ಜಾವಾದಲ್ಲಿದ್ದ ಬೇರೆ ಭಾರತೀಯರದು. ಬ್ರಿಟಿಷ್ ಅಧಿಪತ್ಯದಲ್ಲಿದ್ದ ಭಾರತೀಯ ಸೈನಿಕರನ್ನು ಸುರಬಾಯಾದಲ್ಲಿ ಇಂಡೋನೇಷ್ಯನ್ನರ ವಿರುದ್ಧ ಬಳಸಲಾಗುತ್ತಿತ್ತು. ನೆಹರೂ ಇದನ್ನು ಖಂಡಿಸಿದ್ದರು. ವಸಾಹತು ವ್ಯವಸ್ಥೆ ಒಂದೇ ದೇಶದ ಬಡವರನ್ನು ಹಡಗಿನ ಕುಲುಮೆಗೂ ಬಂದೂಕಿನ ಹಿಂದಕ್ಕೂ ಒಯ್ದು ನಿಲ್ಲಿಸಿತ್ತು. ಅವರಲ್ಲಿ ಕುಲುಮೆಯ ಮುಂದಿದ್ದವರು ಇಲ್ಲವೆಂದ ಗಳಿಗೆ ಈ ಕಿರುಚಿತ್ರದಲ್ಲಿ ಉಳಿದಿದೆ.

ಈವೆನ್ಸ್ ತೆತ್ತ ಬೆಲೆ ಸಣ್ಣದಲ್ಲ. ಡಚ್ ಪ್ರಭುತ್ವದ ಕಣ್ಣಿನಲ್ಲಿ ಆತ ದ್ರೋಹಿಯಾದ. ಪಾಸ್‌ಪೋರ್ಟನ್ನು ಅಲ್ಪಾವಧಿಗಷ್ಟೇ ನವೀಕರಿಸಿ, ಪ್ರತಿಬಾರಿಯೂ ರಾಯಭಾರ ಕಚೇರಿಗೆ ಅಲೆಯುವಂತೆ ಮಾಡಲಾಯಿತು. ನೆದರ್ಲೆಂಡ್ಸ್ 1949ರ ಡಿಸೆಂಬರ್‌ನಲ್ಲಿ ಇಂಡೋನೇಷ್ಯಾಕ್ಕೆ ಅಧಿಕಾರವನ್ನು ಹಸ್ತಾಂತರಿಸಿದ ಮೇಲೂ ತಾಯ್ನಾಡಿನೊಡನೆ ಆತನ ಸಂಬಂಧ ಬಹುಕಾಲ ಮುರಿದೇ ಇತ್ತು.

6

ಪಶ್ಚಿಮದ ಬಾಗಿಲುಗಳು ಮುಚ್ಚಿಕೊಳ್ಳುತ್ತಿದ್ದಾಗ ಪೂರ್ವ ಯೂರೋಪಿನ ಹೊಸ ಕಮ್ಯುನಿಸ್ಟ್ ಪ್ರಭುತ್ವಗಳು ಆತನಿಗೆ ಕೆಲಸ ಕೊಟ್ಟವು. ಮುಂದಿನ ಹತ್ತು ವರ್ಷಗಳು ಪ್ರಾಗ್, ವಾರ್ಸಾ, ಪೂರ್ವ ಬರ್ಲಿನ್‌ಗಳಲ್ಲಿ ಕಳೆದವು. ಈ ಅವಧಿಯ ಚಿತ್ರಗಳಲ್ಲಿ ಜನ ಇದ್ದಾರೆ, ಆದರೆ ಅವರ ಮುಖಗಳಿಗಿಂತ ಮೆರವಣಿಗೆ, ಬಾವುಟ, ವೇದಿಕೆಗಳು ಎದ್ದು ಕಾಣುತ್ತವೆ. ಬಲ್ಗೇರಿಯಾ, ಪೋಲೆಂಡ್, ಚೆಕೊಸ್ಲೊವಾಕಿಯಾಗಳ ಕುರಿತ ‘ಮೊದಲ ವರ್ಷಗಳು’ 1949ರದು. ಅದೇ ವರ್ಷದ ಡಿಸೆಂಬರ್‌ನಲ್ಲಿ ಬಲ್ಗೇರಿಯಾದ ಕಮ್ಯುನಿಸ್ಟ್ ನಾಯಕ ತ್ರೈಚೋ ಕೊಸ್ತೋವ್‌ನನ್ನು ಸುಳ್ಳು ಆಪಾದನೆಗಳ ಮೇಲೆ ವಿಚಾರಣೆಗೊಳಪಡಿಸಿ ಗಲ್ಲಿಗೇರಿಸಲಾಯಿತು. 1952ರಲ್ಲಿ ಪ್ರಾಗ್‌ನಲ್ಲಿಯೂ ಅಂತಹುದೇ ವಿಚಾರಣೆ ನಡೆಯಿತು. ಈವೆನ್ಸ್‌ನ ಕ್ಯಾಮೆರಾ ಇವಾವುದರ ಕಡೆಗೂ ತಿರುಗಲಿಲ್ಲ. ಬೊರಿನಾಜ್‌ನಲ್ಲಿ ಕಾರ್ಮಿಕರ ಮನೆಯಲ್ಲಿ ತಂಗಿ ಪೋಲಿಸರಿಂದ ತಲೆಮರೆಸಿಕೊಂಡಿದ್ದ ಸಾಕ್ಷಿ ಈಗ ಪೋಲಿಸರೂ ತನ್ನವರೇ ಎಂಬ ನಂಬಿಕೆಯಲ್ಲಿ ಕೆಲಸ ಮಾಡುತ್ತಿದ್ದ.

1954ರ ‘ನದಿಗಳ ಹಾಡು’ ಈ ಘಟ್ಟದ ಅತ್ಯಂತ ಮಹತ್ವಾಕಾಂಕ್ಷೆಯ ಕೃತಿ. ವೋಲ್ಗಾ, ಮಿಸಿಸಿಪ್ಪಿ, ನೈಲ್, ಅಮೆಜಾನ್, ಯಾಂಗ್‌ಟ್ಸಿ ಮತ್ತು ಗಂಗೆ ಎಂಬ ಆರು ನದಿಗಳ ದಡದ ದುಡಿಮೆಗಾರರನ್ನು ಒಂದೇ ಪ್ರವಾಹವಾಗಿ ಕಾಣಿಸುವ ಯತ್ನವದು. ಸಂಗೀತ ಶೊಸ್ತಕೋವಿಚ್‌ನದು, ಗೀತ ಬ್ರೆಕ್ಟ್‌ನದು, ಹಾಡಿದವನು ಪಾಲ್ ರೋಬ್ಸನ್. ಮೂವತ್ತಕ್ಕೂ ಹೆಚ್ಚು ದೇಶಗಳಿಂದ ಚಿತ್ರಿಕೆಗಳು ಬಂದವು. ಈವೆನ್ಸ್ ಬರ್ಲಿನ್‌ನಲ್ಲಿ ಕುಳಿತು ಅವನ್ನು ಹೆಣೆದ. ಕಲ್ಪನೆ ವಿಶಾಲವಾದಷ್ಟೂ ಸಾಕ್ಷಿಯ ಕಣ್ಣು ಸ್ಥಳದಿಂದ ದೂರವಾಯಿತು.

1957ರಲ್ಲಿ ಪ್ಯಾರಿಸ್‌ಗೆ ನೆಲೆ ಬದಲಾಯಿಸಿದ ಮೇಲೆ ಆತನ ಚಿತ್ರಗಳಿಗೆ ಹಳೆಯ ಲವಲವಿಕೆ ಮರಳಿತು. ಜಾಕ್ ಪ್ರೆವೆರ್‌ನ ಪಠ್ಯವಿದ್ದ ‘ಸೆನ್ ಪ್ಯಾರಿಸ್ಸನ್ನು ಸಂಧಿಸಿತು’ 1958ರಲ್ಲಿ ಕಾನ್ ಉತ್ಸವದಲ್ಲಿ ಕಿರುಚಿತ್ರಗಳ ಅತ್ಯುನ್ನತ ಪ್ರಶಸ್ತಿ ಪಡೆಯಿತು. ಆದರೆ 1960ರಲ್ಲಿ ಇಟಲಿಯ ತೈಲ ಸಂಸ್ಥೆಗಾಗಿ ಮಾಡಿದ ‘ಇಟಲಿ ಬಡ ದೇಶವಲ್ಲ’ ಚಿತ್ರ, ದಕ್ಷಿಣ ಇಟಲಿಯ ಬಡತನವನ್ನೂ ತೋರಿಸಿದ್ದರಿಂದ, ಅಲ್ಲಿನ ದೂರದರ್ಶನದ ಕತ್ತರಿಗೆ ಸಿಕ್ಕಿ ತುಣುಕುಗಳಾಗಿ ಪ್ರಸಾರವಾಯಿತು. ಮುಂದೆ ಕ್ಯೂಬಾ, ಮಾಲಿ, ಚಿಲಿಗಳಲ್ಲಿ ಚಿತ್ರೀಕರಣ ನಡೆಯಿತು. ಗುಡ್ಡದ ಮೇಲಿನ ಬಡವರು ಮತ್ತು ಕೆಳಗಿನ ಬಂದರು ಇವುಗಳ ನಡುವಿನ ಮೆಟ್ಟಿಲುಗಳನ್ನೇ ವಸ್ತುವಾಗಿಸಿಕೊಂಡ 1963ರ ‘ವಾಲ್ಪರಾಯಿಸೊ’ ಚಿತ್ರಕ್ಕೆ ನಿರೂಪಣೆ ಬರೆದವನು ಕ್ರಿಸ್ ಮಾರ್ಕರ್. ಕಾವ್ಯ ಮತ್ತು ವರ್ಗಪ್ರಜ್ಞೆ ಬೇರೆಬೇರೆಯಾಗದಂತೆ ಕೂಡಿದ ಚಿತ್ರ ಅದು.

7

1960ರ ದಶಕದಲ್ಲಿ ಈವೆನ್ಸ್‌ನ ಕೆಲಸಕ್ಕೆ ಹೊಸ ಆಯಾಮ ತಂದವಳು ಮಾರ್ಸೆಲೀನ್ ಲೊರಿದಾನ್. ಹದಿಹರೆಯದಲ್ಲಿಯೇ ಆಶ್ವಿಟ್ಜ್ ಶಿಬಿರವನ್ನು ಕಂಡು ಬದುಕಿ ಬಂದ ಆಕೆ ಧ್ವನಿಗ್ರಹಣದಲ್ಲಿ ಪಳಗಿದ್ದಳು. ಅಲ್ಲಿಯವರೆಗೆ ಆತನ ಚಿತ್ರಗಳ ಜನ ಹೆಚ್ಚಾಗಿ ಮೂಕರು. ಅವರ ಪರವಾಗಿ ನಿರೂಪಕ ಮಾತಾಡುತ್ತಿದ್ದ. ಲೊರಿದಾನ್ ಜೊತೆ ಮಾಡಿದ ‘ಹದಿನೇಳನೆಯ ಅಕ್ಷಾಂಶ’ದಲ್ಲಿ ಜನ ತಾವೇ ಮಾತಾಡಿದರು. 1967ರಲ್ಲಿ ಇಬ್ಬರೂ ಉತ್ತರ ಮತ್ತು ದಕ್ಷಿಣ ವಿಯೆಟ್ನಾಮುಗಳ ಗಡಿಯ ಉತ್ತರಕ್ಕಿದ್ದ ವಿನ್ ಲಿನ್ ಪ್ರದೇಶದಲ್ಲಿ, ಅಮೆರಿಕದ ಬಾಂಬುಗಳ ಕೆಳಗೆ, ಹಳ್ಳಿಗರೊಡನೆ ಸುರಂಗಗಳಲ್ಲಿ ಎರಡು ತಿಂಗಳು ಕಳೆದರು. ನೆಲದಡಿಯ ಬದುಕು, ಬಾಂಬಿನ ಹೊಂಡಗಳ ನಡುವೆ ಸಾಗುವ ಭತ್ತದ ಬೇಸಾಯ, ಮಕ್ಕಳ ಆಟ ಇವೆಲ್ಲ ದಾಖಲಾದವು. ಆಗ ಈವೆನ್ಸ್‌ಗೆ 68 ವರ್ಷ.

ಈ ಜೋಡಿಯ ಬೃಹತ್ ಯೋಜನೆ ಚೀನಾದ ಕುರಿತದ್ದು. ಚೌ ಎನ್‌ಲಾಯ್‌ನ ಉತ್ತೇಜನದಿಂದ 1972ರಲ್ಲಿ ಆರಂಭವಾದ ಚಿತ್ರೀಕರಣದಿಂದ 12 ಚಿತ್ರಗಳ, ಸುಮಾರು 12 ಗಂಟೆಗಳ ‘ಯುಕಾಂಗ್ ಬೆಟ್ಟಗಳನ್ನು ಸರಿಸಿದ ಬಗೆ’ ಮೂಡಿ 1976ರಲ್ಲಿ ಪ್ಯಾರಿಸ್‌ನಲ್ಲಿ ತೆರೆಕಂಡಿತು. ಹೆಸರು ಮಾವೋ ಬಳಸಿ ಪ್ರಸಿದ್ಧಗೊಳಿಸಿದ ಜನಪದ ದೃಷ್ಟಾಂತದ್ದು. ಶಾಂಘಾಯ್‌ನ ಔಷಧದಂಗಡಿ, ಎಣ್ಣೆಬಾವಿ, ಮೀನುಗಾರರ ಹಳ್ಳಿ ಮೊದಲಾದ ಕಡೆ ಜನರ ನಿತ್ಯದ ಮಾತುಕತೆ ಇಲ್ಲಿದೆ. ಗಂಟೆ ಹೊಡೆದ ಮೇಲೂ ಚೆಂಡು ಒದ್ದ ಹುಡುಗ ಮತ್ತು ಶಿಕ್ಷಕಿಯ ನಡುವಿನ ವಾಗ್ವಾದವನ್ನು ಹಿಡಿದ ಕಿರುಚಿತ್ರ 1977ರಲ್ಲಿ ಫ್ರಾನ್ಸಿನ ಸೀಜರ್ ಪ್ರಶಸ್ತಿ ಗಳಿಸಿತು. ಚೀನಾದ ಸಾಮಾನ್ಯರ ನಗು, ಜಗಳ, ದನಿಗಳು ಇಷ್ಟು ಹತ್ತಿರದಿಂದ ಹೊರಜಗತ್ತಿಗೆ ಕೇಳಿಸಿದ್ದು ಅಪರೂಪ.

ಆದರೆ ಆ ದನಿಗಳು ಯಾವ ಇಕ್ಕಟ್ಟಿನಲ್ಲಿ ಹೊರಟವು? ಸಾಂಸ್ಕೃತಿಕ ಕ್ರಾಂತಿಯ ಹಿಂಸೆ, ಅವಮಾನಕ್ಕೊಳಗಾದ ಶಿಕ್ಷಕರು, ಹಳ್ಳಿಗಟ್ಟಲ್ಪಟ್ಟ ವಿದ್ಯಾವಂತರು ಚಿತ್ರದ ಹೊರಗೆ ಉಳಿದರು. ಜನ ಕ್ಯಾಮೆರಾದ ಮುಂದೆ ಹೇಳಬಹುದಾದದ್ದನ್ನಷ್ಟೇ ಹೇಳಿದರು. ತೀವ್ರಗಾಮಿ ಬಣದ ಅಧಿಕಾರಿಗಳು ಒತ್ತಾಯಿಸಿದ ಬದಲಾವಣೆಗಳನ್ನು ಈವೆನ್ಸ್ ನಿರಾಕರಿಸಿದ್ದ ಎಂಬುದೂ ನಿಜ. 1976ರ ಸೆಪ್ಟೆಂಬರ್‌ನಲ್ಲಿ ಮಾವೋ ತೀರಿಕೊಂಡು, ಮರುತಿಂಗಳು ಆ ಬಣದ ನಾಯಕರ ಬಂಧನವಾದಾಗ ಚಿತ್ರದ ನೆಲೆಯೇ ಅಲುಗಿತು. ಹೊಗಳಿದ ವಿಮರ್ಶಕರೇ ಪ್ರಚಾರವೆಂದು ತೆಗಳಿದರು. ಇದರ ನಂತರ ಹಲವು ವರ್ಷ ಈವೆನ್ಸ್ ಹೊಸ ಚಿತ್ರ ಹೊರತರಲಿಲ್ಲ.

8

1985ರಲ್ಲಿ ಡಚ್ ಸಂಸ್ಕೃತಿ ಸಚಿವ ಎಲ್ಕೊ ಬ್ರಿಂಕ್‌ಮನ್ ಪ್ಯಾರಿಸ್‌ಗೆ ಹೋಗಿ ತನ್ನ ದೇಶದ ಚಲನಚಿತ್ರ ಪ್ರಶಸ್ತಿಯನ್ನು ಈವೆನ್ಸ್‌ಗೆ ಒಪ್ಪಿಸಿದ. ಇಂಡೋನೇಷ್ಯಾದ ವಿಷಯದಲ್ಲಿ ಚರಿತ್ರೆ ಆತನ ಪರವಾಗಿಯೇ ತೀರ್ಪಿತ್ತಿದೆಯೆಂದು ಒಪ್ಪಿಕೊಂಡ. ನಲವತ್ತು ವರ್ಷಗಳ ನಂತರ ಪ್ರಭುತ್ವವು ತಾನು ಶಿಕ್ಷಿಸಿದ ಸಾಕ್ಷಿಯ ಹೇಳಿಕೆಯನ್ನು ಸ್ವೀಕರಿಸಿದಂತಾಯಿತು.

ಕೊನೆಯ ಚಿತ್ರಕ್ಕಾಗಿ ಆತ ಮತ್ತೆ ಚೀನಾಕ್ಕೆ ಹೋದ. ಲೊರಿದಾನ್ ಜೊತೆ ಮಾಡಿದ ‘ಗಾಳಿಯ ಕಥೆ’ 1988ರಲ್ಲಿ ವೆನಿಸ್‌ನಲ್ಲಿ ಪ್ರದರ್ಶನಗೊಂಡಿತು. ಜೀವಮಾನದ ಸಾಧನೆಗಾಗಿ ಚಿನ್ನದ ಸಿಂಹ ಪ್ರಶಸ್ತಿಯೂ ಅಲ್ಲಿಯೇ ದೊರೆಯಿತು. ಈ ಬಾರಿ ಕ್ಯಾಮೆರಾದ ಮುಂದೆ ಆತನೇ ಇದ್ದ. ಆಸ್ತಮಾದಿಂದ ಬಳಲುವ ಮುದುಕನೊಬ್ಬ ಮರುಭೂಮಿಯಲ್ಲಿ ಕುರ್ಚಿ ಹಾಕಿಕೊಂಡು, ಕಣ್ಣಿಗೆ ಕಾಣದ ಗಾಳಿಯನ್ನು ಚಿತ್ರಿಸಲೆಂದು ಕಾಯುತ್ತಾನೆ. ಮಣ್ಣಿನ ಯೋಧರ ಪ್ರತಿಮೆಗಳನ್ನು ಚಿತ್ರಿಸಲು ಅಧಿಕಾರಿಗಳು ತೀರಾ ಕಡಿಮೆ ಹೊತ್ತಿನ ಅನುಮತಿ ಕೊಟ್ಟಾಗ, ಆ ಜಗಳವನ್ನೇ ಚಿತ್ರದಲ್ಲಿ ಇಟ್ಟು, ಮಾರುಕಟ್ಟೆಯಲ್ಲಿ ಕೊಂಡ ಗೊಂಬೆಗಳಿಂದಲೂ ನಟರಿಂದಲೂ ತನ್ನದೇ ಸೇನೆ ಕಟ್ಟುತ್ತಾನೆ. ಅರವತ್ತು ವರ್ಷಗಳಲ್ಲಿ ಮೊದಲ ಬಾರಿಗೆ ಅತಿಥೇಯ ಪ್ರಭುತ್ವದ ನಿರಾಕರಣೆಯೇ ಆತನ ಚಿತ್ರದ ವಸ್ತುವಾಗಿತ್ತು. ಇದನ್ನು ಆತನ ತಪ್ಪೊಪ್ಪಿಗೆ ಎನ್ನುವಂತಿಲ್ಲ. ಆದರೆ ತಾನು ಎಲ್ಲಿ ನಿಂತು ನೋಡುತ್ತಿದ್ದೇನೆ, ಯಾರು ನೋಡಗೊಡುತ್ತಿಲ್ಲ ಎಂಬುದನ್ನು ಸಾಕ್ಷಿ ಇಲ್ಲಿ ತಾನಾಗಿ ಹೇಳಿದ್ದಾನೆ.

1989ರ ಜೂನ್‌ನಲ್ಲಿ ಬೀಜಿಂಗ್‌ನ ತಿಯಾನನ್‌ಮೆನ್ ಚೌಕದ ವಿದ್ಯಾರ್ಥಿ ಚಳವಳಿಯನ್ನು ಸೇನೆ ಹತ್ತಿಕ್ಕಿದಾಗ ಈವೆನ್ಸ್ ಅದನ್ನು ಬಹಿರಂಗವಾಗಿ ಖಂಡಿಸಿದ. ಅದೇ ತಿಂಗಳ 28ರಂದು ಪ್ಯಾರಿಸ್‌ನಲ್ಲಿ ಆತ ತೀರಿಕೊಂಡ. ಸಮಾಧಿ ಮೊಂಪರ್ನಾಸ್ ರುದ್ರಭೂಮಿಯಲ್ಲಿದೆ.

ಈವೆನ್ಸ್‌ನ ಚಿತ್ರಗಳನ್ನು ಪ್ರಚಾರವೆಂದು ತಳ್ಳಿಹಾಕುವವರು ಬೊರಿನಾಜ್‌ನ ಮನೆಗಳನ್ನೂ ಸಿಡ್ನಿಯ ಬಂದರನ್ನೂ ಮರೆಯಬೇಕಾಗುತ್ತದೆ. ಆತನನ್ನು ಜನಪರ ಸಿನಿಮಾದ ಆದರ್ಶವೆಂದಷ್ಟೇ ಕೊಂಡಾಡುವವರು ಮ್ಯಾಗ್ನಿಟೊಗೊರ್ಸ್ಕ್‌ನ ರೈತರನ್ನೂ ಚೀನಾದ ಶಿಕ್ಷಕರನ್ನೂ ಮರೆಯಬೇಕಾಗುತ್ತದೆ. ಬೊರಿನಾಜ್‌ನಲ್ಲಿ, ಸಿಡ್ನಿಯಲ್ಲಿ, ವಿನ್ ಲಿನ್‌ನಲ್ಲಿ ಆತ ಪ್ರಭುತ್ವವೊಂದರ ಏಟು ತಿನ್ನುತ್ತಿದ್ದವರ ನಡುವೆ ಬದುಕಿ ಚಿತ್ರ ತೆಗೆದ. ಆ ಚಿತ್ರಗಳು ಚರಿತ್ರೆಯ ಪರೀಕ್ಷೆಯನ್ನು ತಾಳಿಕೊಂಡಿವೆ. ತಾಳದೆ ಹೋದವು, ಪ್ರಭುತ್ವದ ಕೈಹಿಡಿದು ಜನರ ಬಳಿಗೆ ಹೋಗಿ ತೆಗೆದವು. ಎರಡೂ ಬಗೆಯವುಗಳಲ್ಲಿ ಆತನ ಪಕ್ಷ ಒಂದೇ ಆಗಿತ್ತು. ನಿಂತ ಜಾಗ ಒಂದೇ ಆಗಿರಲಿಲ್ಲ. ರಾಜಕೀಯ ಸಾಕ್ಷ್ಯಚಿತ್ರದ ಅಧ್ಯಯನವು ಚಿತ್ರಕಾರನ ಸಿದ್ಧಾಂತವನ್ನು ಗುರುತಿಸುವಲ್ಲಿಗೆ ನಿಲ್ಲದೆ ಆತ ನಿಂತ ಜಾಗವನ್ನೂ ಶೋಧಿಸಬೇಕೆಂಬುದನ್ನು ಈ ಬದುಕು ಸೂಚಿಸುತ್ತದೆ.